ಹಾಂಗ್‌ಕಾಂಗ್ ಫಿಲ್ಮ್ ಆರ್ಕೈವ್: ಕಾಣೆಯಾದ ನಾಯಕಿಯರನ್ನು ಹುಡುಕಿಕೊಂಡು ಹೋಗುವವರಿಗೆ

ಹಾಂಗ್‌ಕಾಂಗ್ ದ್ವೀಪದ ಪೂರ್ವ ತುದಿಯಲ್ಲಿರುವ ಸಾಯ್ ವಾನ್ ಹೋ ಮೆಟ್ರೊ ನಿಲ್ದಾಣದಿಂದ ಹೊರಬಿದ್ದು, ಗೂಡುಗೂಡಾದ ವಸತಿ ಕಟ್ಟಡಗಳ ನಡುವೆ ಕಡಲಿನ ದಿಕ್ಕಿಗೆ ಕೆಲವು ನಿಮಿಷ ನಡೆದರೆ ಲೇ ಕಿಂಗ್ ರಸ್ತೆಯ 50ನೆಯ ಸಂಖ್ಯೆಯ ಕಟ್ಟಡ ಸಿಗುತ್ತದೆ. 2001ರಲ್ಲಿ ಸಾರ್ವಜನಿಕರಿಗೆ ತೆರೆದ ಹಾಂಗ್‌ಕಾಂಗ್ ಫಿಲ್ಮ್ ಆರ್ಕೈವ್ ಇದೇ. ಸರ್ಕಾರ ನಡೆಸುವ ಈ ಸಂಸ್ಥೆಯಲ್ಲಿ ನೂರಿಪ್ಪತ್ತೈದರ ಆಸುಪಾಸಿನ ಆಸನಗಳ ಒಂದು ಚಿತ್ರಮಂದಿರ, ಶುಲ್ಕವಿಲ್ಲದೆ ನೋಡಬಹುದಾದ ಒಂದು ಪ್ರದರ್ಶನಾಲಯ, ಮೇಲಿನ ಅಂತಸ್ತಿನಲ್ಲಿ ಓದುವವರಿಗೂ ನೋಡುವವರಿಗೂ ಮೀಸಲಾದ ಸಂಪನ್ಮೂಲ ಕೇಂದ್ರ ಇವೆ. ಪ್ರವಾಸಿಗರು ಪಟ್ಟಿ ಮಾಡಿಕೊಂಡು ಬರುವ ಸ್ಥಳಗಳಲ್ಲಿ ಇದು ಇರುವುದಿಲ್ಲ. ಚೀನಾ-ಜಪಾನ್ ಯುದ್ಧಕಾಲದ ಕ್ಯಾಂಟನೀಸ್ (ಹಾಂಗ್‌ಕಾಂಗ್ ಮತ್ತು ನೆರೆಯ ಗುವಾಂಗ್‌ಡಾಂಗ್ ಪ್ರಾಂತ್ಯದ ಭಾಷೆ) ಚಿತ್ರಗಳ ದೇಶಪ್ರೇಮಿ ನಾಯಕಿಯರು ಯಾರು, ಅವರು ಏನು ಮಾಡಿದರು, ಅವರಲ್ಲಿ ಎಷ್ಟು ಮಂದಿ ಇಂದು ಉಳಿದಿದ್ದಾರೆ ಎಂದು ಕೇಳಿಕೊಂಡು ಹೋದವನಿಗೆ ಈ ಸಂಸ್ಥೆ ಎಷ್ಟರಮಟ್ಟಿಗೆ ಉಪಯೋಗಕ್ಕೆ ಬಂತು ಎಂಬುದು ಈ ವಿಮರ್ಶೆಯ ವಿಷಯ.

ಮೊದಲು ಈ ನೆಲದ ಬಗ್ಗೆಯೇ ಒಂದು ಮಾತು ಹೇಳಬೇಕು. 1941ರ ಡಿಸೆಂಬರ್ 18ರ ರಾತ್ರಿ ಜಪಾನಿ ಪಡೆಗಳು ಬಂದರನ್ನು ದಾಟಿ ದ್ವೀಪದ ಮೇಲೆ ಕಾಲಿಟ್ಟಿದ್ದು ಇದೇ ಉತ್ತರ ದಂಡೆಯಲ್ಲಿ, ನಾರ್ತ್ ಪಾಯಿಂಟ್, ತಾಯ್‌ಕೂ ಮತ್ತು ಇಲ್ಲಿಂದ ಕೂಗಳತೆಯಲ್ಲಿರುವ ಆಲ್ಡ್ರಿಚ್ ಕೊಲ್ಲಿಯ ಬಳಿ. ಆ ದಂಡೆಯನ್ನು ಕಾಯುತ್ತಿದ್ದದ್ದು ಏಳನೆಯ ರಜಪೂತ್ ರೆಜಿಮೆಂಟಿನ ಐದನೆಯ ಬೆಟಾಲಿಯನ್. ಅದು ಅಲ್ಲಿ ಬಹುಮಟ್ಟಿಗೆ ನಾಶವಾಯಿತು. ಒಂದು ವಾರದ ನಂತರ, ಕ್ರಿಸ್ಮಸ್ ದಿನ, ನಗರ ಶರಣಾಯಿತು. ನಾನು ಹುಡುಕಿಕೊಂಡು ಹೋದ ಸಿನಿಮಾದ ಕಥೆಯೂ ಅಲ್ಲಿಗೇ ನಿಲ್ಲುತ್ತದೆ. ಮೂರು ವರ್ಷ ಎಂಟು ತಿಂಗಳ ಆ ಆಡಳಿತದಲ್ಲಿ ಇಲ್ಲಿನ ಚಿತ್ರೋದ್ಯಮ ಸ್ತಬ್ಧವಾಯಿತು, ಕಲಾವಿದರಲ್ಲಿ ಅನೇಕರು ಊರು ಬಿಟ್ಟು ಒಳನಾಡಿಗೆ ಹೋದರು. ಆ ಚಿತ್ರಗಳ ನೆನಪನ್ನು ಕಾಪಾಡುವ ಕಟ್ಟಡ ಇದೇ ದಂಡೆಯಲ್ಲಿ ಎದ್ದಿರುವುದು ಬಹುಶಃ ಕಾಕತಾಳೀಯ. ಆದರೂ ಅಲ್ಲಿಗೆ ನಡೆದು ಹೋಗುವಾಗ ಅದು ಮನಸ್ಸಿಗೆ ಬಾರದೆ ಇರುವುದಿಲ್ಲ.

ಆರ್ಕೈವ್‌ಗೆ ಹೋಗುವ ಮೊದಲು ನಾನು ಸುಲಭದ ದಾರಿ ಹಿಡಿದು ಕೈ ಸುಟ್ಟುಕೊಂಡಿದ್ದೆ. ಯುದ್ಧಪೂರ್ವ ಕ್ಯಾಂಟನೀಸ್ ಚಿತ್ರಗಳೆಂದು ಹೇಳಿ ಡಿಸ್ಕ್ ಮಾರುತ್ತಿದ್ದ ಒಂದು ಆನ್‌ಲೈನ್ ಅಂಗಡಿಯಿಂದ ಮೂರು ಚಿತ್ರಗಳ ಒಂದು ಕಟ್ಟು ತರಿಸಿದೆ. ಹೊದಿಕೆಯ ಮೇಲೆ 1930ರ ದಶಕದ ನಟಿಯ ಚಿತ್ರವಿತ್ತು, ಒಳಗಿದ್ದದ್ದು ಯುದ್ಧ ಮುಗಿದು ಎಷ್ಟೋ ವರ್ಷಗಳ ಮೇಲೆ ತಯಾರಾದ ಕೌಟುಂಬಿಕ ಕಥೆ. ಇನ್ನೊಂದು ಡಿಸ್ಕ್‌ನಲ್ಲಿ ಕ್ಯಾಂಟನೀಸ್ ಮಾತೇ ಇರಲಿಲ್ಲ. ಬರೆದ ಪತ್ರಗಳಿಗೆ ಉತ್ತರ ಬರಲಿಲ್ಲ. ಹಣ ಹೋದದ್ದಕ್ಕಿಂತ, ಒಂದು ವಾರ ಆ ತಪ್ಪು ಹೊದಿಕೆಯನ್ನು ನಂಬಿ ಟಿಪ್ಪಣಿ ಬರೆದುಕೊಂಡಿದ್ದೆನಲ್ಲ, ಅದು ಹೆಚ್ಚು ಬೇಸರ ತಂದಿತು.

ಆರ್ಕೈವ್‌ನ ಮೊದಲ ಗುಣ ಇದಕ್ಕೆ ತದ್ವಿರುದ್ಧ: ಇಲ್ಲದ್ದನ್ನು ಇಲ್ಲ ಎಂದೇ ತಿಳಿಸುತ್ತದೆ. ಅದರ ಪಟ್ಟಿಯನ್ನು ಚೀನೀ ಮತ್ತು ಇಂಗ್ಲಿಷ್ ಎರಡರಲ್ಲೂ ಮನೆಯಿಂದಲೇ ಹುಡುಕಬಹುದು. ಒಂದು ಚಿತ್ರದ ಹೆಸರು ಕೊಟ್ಟರೆ ಉಳಿದಿರುವುದು ಚಿತ್ರದ ಪ್ರತಿಯೋ, ಕೇವಲ ಸ್ಥಿರಚಿತ್ರವೋ, ಕರಪತ್ರವೋ ಎಂಬುದು ತಿಳಿಯುತ್ತದೆ. ನಾನು ಮಾಡಿಕೊಂಡು ಹೋದ ಪಟ್ಟಿಯಲ್ಲಿ ಬಹುಪಾಲು ಹೆಸರುಗಳ ಎದುರು ಸಿಕ್ಕಿದ್ದು ಕಾಗದ ಮಾತ್ರ. ಇಲ್ಲಿಗೆ ಬರುವವರು ಈ ಸತ್ಯವನ್ನು ಮೊದಲೇ ಒಪ್ಪಿಕೊಂಡು ಬರುವುದು ಒಳ್ಳೆಯದು. ಯುದ್ಧ ತನ್ನ ಬಾಗಿಲಿಗೆ ಬರುವ ಮುನ್ನ ಹಾಂಗ್‌ಕಾಂಗ್‌ನಲ್ಲಿ ನೂರಾರು ಚಿತ್ರಗಳು ತಯಾರಾದವು; ಬೇಗ ಬೆಂಕಿ ಹತ್ತುವ, ಬೇಗ ಕೊಳೆಯುವ ನೈಟ್ರೇಟ್ ಫಿಲ್ಮಿನ ಮೇಲಿದ್ದ ಅವುಗಳಲ್ಲಿ ಉಳಿದವು ಬೆರಳೆಣಿಕೆಯಷ್ಟು.

ಉದಾಹರಣೆಗೆ ಕ್ವಾನ್ ಮಾನ್ ಚಿಂಗ್ 1935ರಲ್ಲಿ ನಿರ್ದೇಶಿಸಿದ ಚಿತ್ರವೊಂದಿದೆ. ಅದರ ಹೆಸರನ್ನು ಕನ್ನಡದಲ್ಲಿ ‘ಜೀವನಾಡಿ’ ಎನ್ನಬಹುದು. (ಈ ಬರಹದಲ್ಲಿ ಬರುವ ಕನ್ನಡ ಹೆಸರುಗಳೆಲ್ಲ ನಾನು ಮಾಡಿಕೊಂಡವು.) ದೇಶದ ರಕ್ಷಣೆಗೆ ಬೇಕಾದ ರೈಲು ಹಳಿಯನ್ನು ಹಾಕುವ ಎಂಜಿನಿಯರನ ಸುತ್ತ ಹೆಣೆದ ಇದನ್ನು ಹಾಂಗ್‌ಕಾಂಗ್‌ನ ಮೊದಲ ‘ರಾಷ್ಟ್ರರಕ್ಷಣಾ ಚಿತ್ರ’ ಎಂದು ಇತಿಹಾಸಕಾರರು ಗುರುತಿಸುತ್ತಾರೆ. ನಾಯಕ ನ್ಗ್ ಚೋ ಫಾನ್, ನಾಯಕಿ ಲೀ ಯೀ ನಿನ್. ಸೆನ್ಸಾರ್ ಮೊದಲು ತಡೆದು ಆಮೇಲೆ ಬಿಟ್ಟುಕೊಟ್ಟ ಈ ಚಿತ್ರ ಈಗ ಯಾರ ಬಳಿಯೂ ಇಲ್ಲ. ನೋಡಲು ಸಿಗುವುದು ಮುದ್ರಿತ ಸಾಮಗ್ರಿ. ಆ ಕಾಲದ ಚಿತ್ರಮಂದಿರಗಳಲ್ಲಿ ಕಥಾಸಾರ, ತಾರಾಗಣ, ಹಾಡಿನ ಸಾಲುಗಳನ್ನು ಅಚ್ಚು ಹಾಕಿಸಿ ಪ್ರೇಕ್ಷಕರಿಗೆ ಕೊಡುತ್ತಿದ್ದ ಕರಪತ್ರಗಳಿದ್ದವು. ನಮ್ಮಲ್ಲಿ ಟಾಕೀಸಿನ ಬಾಗಿಲಲ್ಲಿ ಮಾರುತ್ತಿದ್ದ ಹಾಡಿನ ಪುಸ್ತಕಗಳನ್ನು ನೋಡಿ ಬೆಳೆದವರಿಗೆ ಅವುಗಳ ಪರಿಚಯ ಮಾಡಿಕೊಡಬೇಕಾಗಿಲ್ಲ. ತೆಳ್ಳನೆಯ ಕಾಗದ, ಮಡಚಿದ ಗೆರೆಯಲ್ಲಿ ಸವೆದ ಅಕ್ಷರ, ಅಂಚಿನಲ್ಲಿ ಕಂದಿದ ಕೆಂಪು ಶಾಯಿ, ಮೇಲಿನಿಂದ ಕೆಳಕ್ಕೆ ಓದುವ ಸಾಲುಗಳು. ಕಥೆಯನ್ನು ಮುಕ್ಕಾಲು ಹೇಳಿ, ‘ಮುಂದೇನಾಯಿತೆಂಬುದನ್ನು ಪರದೆಯ ಮೇಲೆ ನೋಡಿ’ ಎಂಬ ಧಾಟಿಯಲ್ಲಿ ನಿಲ್ಲಿಸುವುದು ಇಂಥ ಕರಪತ್ರಗಳ ಚಾಳಿ. ಪರದೆಯೇ ಉಳಿಯದ ಮೇಲೆ ಆ ಕಡೆಯ ಕಾಲುಭಾಗ ಯಾರಿಗೂ ಗೊತ್ತಾಗದೆ ಹೋಗುತ್ತದೆ.

ಹೀಗೆ ಕಾಗದದಲ್ಲಿ ಮಾತ್ರ ಉಳಿದವರಲ್ಲಿ ಎಲ್ಲರಿಗಿಂತ ಹೆಚ್ಚು ಕಾಡುವ ಹೆಸರು ಎಸ್ತರ್ ಎಂಗ್. 1914ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಹುಟ್ಟಿದ ಈಕೆ, ಕ್ಯಾಂಟನೀಸ್ ರಂಗನಟಿ ವಾಯ್ ಕಿಮ್ ಫಾಂಗ್‌ಳನ್ನು ನಾಯಕಿಯಾಗಿಟ್ಟುಕೊಂಡು ಹಾಲಿವುಡ್‌ನಲ್ಲಿ ಒಂದು ಕ್ಯಾಂಟನೀಸ್ ಚಿತ್ರ ನಿರ್ಮಿಸಿದಳು. ಪ್ರಿಯಕರ ವಿಮಾನ ಚಾಲಕ, ಅವನನ್ನು ಯುದ್ಧಕ್ಕೆ ಹುರಿದುಂಬಿಸಿ ಕಳಿಸುವವಳು ನಾಯಕಿ. ಆ ಚಿತ್ರವನ್ನು ಹಿಡಿದುಕೊಂಡು 1936ರಲ್ಲಿ ಹಾಂಗ್‌ಕಾಂಗ್‌ಗೆ ಬಂದ ಎಸ್ತರ್, ಮರುವರ್ಷ ಅದೇ ನಟಿಯನ್ನಿಟ್ಟು ‘ರಾಷ್ಟ್ರದ ವೀರನಾರಿ’ಯನ್ನು ನಿರ್ದೇಶಿಸಿದಳು. ಒಂದೇ ವರ್ಷದಲ್ಲಿ ನಾಯಕಿಯ ಜಾಗ ಬದಲಾದದ್ದನ್ನು ಗಮನಿಸಬೇಕು. ಮೊದಲ ಚಿತ್ರದಲ್ಲಿ ನೆಲದ ಮೇಲೆ ನಿಂತು ಬೀಳ್ಕೊಟ್ಟವಳು ಎರಡನೆಯದರಲ್ಲಿ ತಾನೇ ವಿಮಾನ ಹತ್ತುತ್ತಾಳೆ. ಗುವಾಂಗ್‌ಡಾಂಗ್ ಪ್ರಾಂತ್ಯದ ಮಹಿಳಾ ಹಕ್ಕುಗಳ ಒಕ್ಕೂಟ ಆ ಚಿತ್ರಕ್ಕೆ ಪ್ರಶಸ್ತಿ ಪತ್ರವನ್ನೂ ಕೊಟ್ಟಿತು. 1939ರಲ್ಲಿ, ಅಮೆರಿಕಕ್ಕೆ ಮರಳುವ ಮುನ್ನ, ಗಂಡಸರೇ ಇಲ್ಲದ ಮೂವತ್ತಾರು ನಟಿಯರ ‘ಹೆಂಗಸರ ಲೋಕ’ವನ್ನೂ ಆಕೆ ಮಾಡಿದಳು. ಇವು ಯಾವುವೂ ಉಳಿದಿಲ್ಲ. ಕೂದಲು ಕತ್ತರಿಸಿಕೊಂಡು, ಗಂಡಸರ ಉಡುಪಿನಲ್ಲಿ ಓಡಾಡುತ್ತಿದ್ದ, ಜೊತೆಗಾರರಿಂದ ‘ಹಾ ಅಣ್ಣ’ ಎಂದು ಕರೆಸಿಕೊಳ್ಳುತ್ತಿದ್ದ ಆಕೆಯ ಛಾಯಾಚಿತ್ರಗಳು ಮಾತ್ರ ಇವೆ. ಅವುಗಳಲ್ಲಿ ನೂರಾರು ಚಿತ್ರಗಳು ಸ್ಯಾನ್ ಫ್ರಾನ್ಸಿಸ್ಕೋ ಕಡೆ ಕಸದ ತೊಟ್ಟಿಯೊಂದರಲ್ಲಿ ಸಿಕ್ಕವು ಎಂಬುದನ್ನು ನೆನೆದರೆ, ಈ ಬಗೆಯ ಸಂಸ್ಥೆಯೊಂದು ಏಕೆ ಬೇಕು ಎಂದು ಬೇರೆ ವಾದಿಸಬೇಕಾಗಿಲ್ಲ.

ವಿಮಾನವೇರಿದ ನಾಯಕಿ ಬರಿಯ ಕಲ್ಪನೆಯೂ ಆಗಿರಲಿಲ್ಲ. ಗುವಾಂಗ್‌ಝೌ ಮೂಲದ ಲೀ ಯಾ ಚಿಂಗ್ 1920ರ ದಶಕದ ಮೂಕಿಚಿತ್ರವೊಂದರಲ್ಲಿ ಪೌರಾಣಿಕ ವೀರವನಿತೆ ಮುಲಾನ್‌ಳ ಪಾತ್ರ ಮಾಡಿ, ನಟನೆ ಬಿಟ್ಟು, ಜಿನೀವಾದಲ್ಲೂ ಅಮೆರಿಕದಲ್ಲೂ ವಿಮಾನ ಹಾರಿಸಲು ಕಲಿತು, 1939ರಲ್ಲಿ ಯುದ್ಧ ಪರಿಹಾರ ನಿಧಿಗಾಗಿ ಅಮೆರಿಕದ ಊರೂರಿಗೆ ತಾನೇ ವಿಮಾನ ನಡೆಸಿಕೊಂಡು ಹೋದವಳು. ಪರದೆಯ ವೀರನಾರಿಯರ ಬಗ್ಗೆ ಬರೆಯುವವರು ಈಕೆಯನ್ನು ಅಡಿಟಿಪ್ಪಣಿಗೆ ತಳ್ಳಿಬಿಡುತ್ತಾರೆ. ನನಗೆ ಅದು ಸರಿ ಕಾಣುವುದಿಲ್ಲ.

ಆರ್ಕೈವ್‌ನಲ್ಲಿ ಕೂತು ಈ ಕಾಗದಗಳನ್ನೂ ಉಳಿದ ಕೆಲವು ಚಿತ್ರಗಳನ್ನೂ ಒಟ್ಟಿಗೆ ನೋಡಿದಾಗ ನನಗೆ ಸ್ಪಷ್ಟವಾದ ಒಂದು ಸಂಗತಿಯಿದೆ. ಆ ಕಾಲದ ಹಾಂಗ್‌ಕಾಂಗ್‌ನಲ್ಲಿ ಶತ್ರುವಿನ ಹೆಸರು ಹೇಳುವಂತಿರಲಿಲ್ಲ. ಬ್ರಿಟಿಷ್ ವಸಾಹತು ತಟಸ್ಥವಾಗಿದ್ದರಿಂದ, ಜಪಾನನ್ನು ನೇರವಾಗಿ ತೋರಿಸುವ, ಹೆಸರಿಸುವ ಚಿತ್ರಗಳಿಗೆ ಕತ್ತರಿ ಬೀಳುತ್ತಿತ್ತು. ಪತ್ರಿಕೆಗಳು ಕೂಡ ನಿಷಿದ್ಧ ಪದದ ಜಾಗದಲ್ಲಿ × ಗುರುತು ಅಚ್ಚು ಹಾಕುತ್ತಿದ್ದವು. ಇದನ್ನು ಕಾಣಬೇಕೆಂದರೆ ಹಾಂಗ್‌ಕಾಂಗ್ ಸಾರ್ವಜನಿಕ ಗ್ರಂಥಾಲಯಗಳು ಅಂತರ್ಜಾಲದಲ್ಲಿ ಇಟ್ಟಿರುವ ಹಳೆಯ ಪತ್ರಿಕೆಗಳನ್ನು ತೆರೆದು ನೋಡಬಹುದು. ಆರ್ಕೈವ್‌ನ ಭೇಟಿಗೆ ಮುನ್ನ ಅಲ್ಲಿ ಒಂದು ಸಂಜೆ ಕಳೆದರೆ ನಷ್ಟವಿಲ್ಲ. ಸಿತು ಹುಯ್‌ಮಿನ್ 1938ರಲ್ಲಿ ನಿರ್ದೇಶಿಸಿದ ಗೆರಿಲ್ಲಾ ಹೋರಾಟದ ಚಿತ್ರವೊಂದು ತಡೆಗೊಳಗಾಗಿ, ಕತ್ತರಿಸಿಕೊಂಡು, ಹೆಸರನ್ನೂ ಬದಲಿಸಿಕೊಂಡು 1941ರಲ್ಲಿ ಹೊರಬಂತು. ಶತ್ರುವನ್ನು ತೋರಿಸಲಾಗದ ಮೇಲೆ ನಿರ್ದೇಶಕರ ಕೈಯಲ್ಲಿ ಉಳಿದದ್ದು ಏನು? ಶತ್ರುವಿನಿಂದಾಗಿ ಬದಲಾದ ಒಂದು ಮುಖ. ಆ ಮುಖ ಮತ್ತೆ ಮತ್ತೆ ಹೆಣ್ಣಿನದಾಯಿತು. ಮದುವೆಯ ಸೀರೆಯಂಥ ರೇಷ್ಮೆ ಉಡುಪನ್ನು ತೆಗೆದಿಟ್ಟು ನೀಲಿ ನೂಲಿನ ಬಟ್ಟೆ ಹಾಕಿಕೊಂಡಳು ಎಂದರೆ ಪ್ರೇಕ್ಷಕರಿಗೆ ಅರ್ಥವಾಗುತ್ತಿತ್ತು; ಸೆನ್ಸಾರ್ ಅಧಿಕಾರಿಗೆ ಅದರಲ್ಲಿ ಕತ್ತರಿಸಲು ಪದವೇ ಇರುತ್ತಿರಲಿಲ್ಲ. ದೇಶಪ್ರೇಮಿ ನಾಯಕಿ ಹುಟ್ಟಿದ್ದು ದೇಶಪ್ರೇಮದಿಂದ ಎಷ್ಟೋ, ಕತ್ತರಿಯ ಭಯದಿಂದಲೂ ಅಷ್ಟೇ ಎಂದು ನನಗೆ ಅನ್ನಿಸಿದ್ದು ಈ ಕಾರಣಕ್ಕೆ.

ಇನ್ನೊಂದು ಒತ್ತಡ ಉತ್ತರದಿಂದ ಬರುತ್ತಿತ್ತು. ಆಗ ಚೀನಾವನ್ನು ಆಳುತ್ತಿದ್ದ ನಾನ್‌ಜಿಂಗ್ ಸರ್ಕಾರ ದೇಶಕ್ಕೆಲ್ಲ ಒಂದೇ ಭಾಷೆ (ಮ್ಯಾಂಡರಿನ್) ಎಂಬ ನೀತಿಯಡಿ ಕ್ಯಾಂಟನೀಸ್ ಚಿತ್ರಗಳನ್ನು ನಿಷೇಧಿಸಲು ಹೊರಟಿತ್ತು. 1937ರ ಜುಲೈನಲ್ಲಿ ಜಪಾನಿನೊಂದಿಗೆ ಯುದ್ಧ ಶುರುವಾದದ್ದರಿಂದ ಆ ನಿಷೇಧವನ್ನು ಮುಂದೂಡಲಾಯಿತು. ತಮ್ಮ ಭಾಷೆಯ ಚಿತ್ರವೂ ದೇಶಕ್ಕೆ ನಿಷ್ಠ ಎಂದು ತೋರಿಸಿಕೊಳ್ಳಬೇಕಾದ ಅನಿವಾರ್ಯತೆ ಕ್ಯಾಂಟನೀಸ್ ಚಿತ್ರಕರ್ಮಿಗಳಿಗಿತ್ತು. 1938ರಲ್ಲಿ ಹಲವು ನಿರ್ದೇಶಕರೂ ತಾರೆಯರೂ ಕೂಡಿ, ಸಂಭಾವನೆ ಪಡೆಯದೆ, ಯುದ್ಧ ನಿಧಿಗಾಗಿ ಒಂದು ಚಿತ್ರವನ್ನೇ ಮಾಡಿಕೊಟ್ಟರು. ಮಾತೃಭಾಷೆಯ ಮೇಲಿನ ಪ್ರೀತಿಯನ್ನು ದೇಶದ್ರೋಹವೆಂದು ತಿಳಿಯಬಾರದೆಂದು ಹೀಗೆ ಸಾಬೀತುಪಡಿಸಬೇಕಾಗಿ ಬಂದದ್ದನ್ನು ಓದುವಾಗ ಕನ್ನಡದವನಾದ ನನಗೆ ಒಂದಿಷ್ಟು ಕಸಿವಿಸಿಯಾಯಿತು.

ಇನ್ನು ಚಲಿಸುವ ಚಿತ್ರಗಳ ವಿಷಯ. ನನ್ನ ಕ್ಯಾಂಟನೀಸ್ ತರಕಾರಿ ಮಾರುಕಟ್ಟೆಯ ಮಟ್ಟದ್ದು. ಆದ್ದರಿಂದ ಪಕ್ಕದ ಮನೆಯ ಅಜ್ಜಿಯನ್ನು ಜೊತೆಗೆ ಕರೆದುಕೊಂಡು ಹೋಗಿದ್ದೆ. ಇಲ್ಲಿನ ವಾಡಿಕೆಯಂತೆ ನಾನು ಅವರನ್ನು ‘ಪೋ ಪೋ’ ಎನ್ನುತ್ತೇನೆ. ಯುದ್ಧ ಮುಗಿದ ಮೇಲೆ ಹುಟ್ಟಿದವರು, ಆದರೆ ಅವರ ತಾಯಿ ಗುವಾಂಗ್‌ಝೌ 1938ರ ಅಕ್ಟೋಬರಿನಲ್ಲಿ ಜಪಾನಿಯರ ಕೈಗೆ ಬಿದ್ದಾಗ ನಿರಾಶ್ರಿತೆಯಾಗಿ ಇಲ್ಲಿಗೆ ಬಂದವರು. ಹಾಗೆ ಬಂದವರಿಂದಲೇ ನಗರದ ಜನಸಂಖ್ಯೆ 1941ರ ಹೊತ್ತಿಗೆ ಸುಮಾರು 16 ಲಕ್ಷಕ್ಕೆ ಏರಿತ್ತು. ಚಿತ್ರಮಂದಿರಗಳನ್ನು ತುಂಬುತ್ತಿದ್ದವರಲ್ಲಿ ಅವರೂ ಇದ್ದರು. ಮೊದಲು ನೋಡಿದ್ದು ಲೀ ಯೀ ನಿನ್ ನಟಿಸಿ, ಕೋ ಲೇ ಹೆನ್ ನಿರ್ದೇಶಿಸಿದ 1937ರ ‘ಮಹಿಳೆಯ ಬೆಳಕು’. ಮದುವೆಯ ಆಸರೆ ಬೇಡವೆಂದು ಸ್ವಂತ ಕಾಲ ಮೇಲೆ ನಿಲ್ಲಲು ಹೊರಟ ಹೆಣ್ಣಿನ ಕಥೆ. ಇದರಲ್ಲಿ ಬಂದೂಕಿಲ್ಲ, ಬಾವುಟವಿಲ್ಲ. ಆದರೂ ‘ಜೀವನಾಡಿ’ಯ ನಾಯಕಿಯೇ ಇಲ್ಲಿ ತುಟಿ ಬಿಗಿಹಿಡಿದು ಕತ್ತನ್ನು ಸ್ವಲ್ಪ ಎತ್ತಿ ನಿಲ್ಲುವ ರೀತಿ ನೋಡಿದರೆ, ಕಳೆದುಹೋದ ಚಿತ್ರದಲ್ಲೂ ಹೀಗೆಯೇ ನಿಂತಿರಬಹುದೆಂದು ಊಹಿಸಲು ಒಂದು ಆಧಾರ ಸಿಗುತ್ತದೆ. ಶಬ್ದ ಸವೆದಿದೆ, ಕೆಲವೆಡೆ ಮಾತು ಮಳೆಯೊಳಗಿಂದ ಬಂದಂತೆ ಕೇಳುತ್ತದೆ, ಅಂಟಿಸಿದ ಜಾಗಗಳಲ್ಲಿ ಚಿತ್ರ ಕುಪ್ಪಳಿಸುತ್ತದೆ. ಪೋ ಪೋ ಮಾತ್ರ ಹೆಡ್‌ಫೋನ್ ಕಳಚದೆ ನಗುತ್ತಿದ್ದರು. “ನಮ್ಮಮ್ಮ ಹೀಗೇ ಮಾತಾಡುತ್ತಿದ್ದಳು, ನಾಟಕದವರ ಹಾಗೆ,” ಎಂದರು. ಅವರ ತಾಯಿಯ ಉಚ್ಚಾರಣೆಯನ್ನು ಅವರು ಎಷ್ಟೋ ವರ್ಷಗಳ ನಂತರ ಕೇಳಿದ್ದು ಒಂದು ಸರ್ಕಾರಿ ಕಟ್ಟಡದ ಪುಟ್ಟ ಪರದೆಯ ಎದುರು.

ತ್ಸಾಯ್ ಚುಶೆಂಗ್ ನಿರ್ದೇಶಿಸಿ 1939ರಲ್ಲಿ ತೆರೆಗೆ ಬಂದ ‘ಒಂಟಿ ದ್ವೀಪದ ಸ್ವರ್ಗ’ವನ್ನು ನೋಡುವಾಗ ನಮ್ಮಿಬ್ಬರ ಪಾತ್ರಗಳು ಅದಲುಬದಲಾದವು: ಇದು ಹಾಂಗ್‌ಕಾಂಗ್‌ನಲ್ಲೇ ತಯಾರಾದರೂ ಮಾತೆಲ್ಲ ಮ್ಯಾಂಡರಿನ್, ಆದ್ದರಿಂದ ಪೋ ಪೋ ತಡವರಿಸಿದರು. ಸುತ್ತಲೂ ಜಪಾನಿಯರು ಆವರಿಸಿಕೊಂಡಿದ್ದ ಶಾಂಘೈನ ವಿದೇಶಿ ವಸತಿ ಪ್ರದೇಶವೇ ಆ ಒಂಟಿ ದ್ವೀಪ. ನಾಯಕಿ ಲೀ ಲಿಲಿ ಅಲ್ಲಿ ನೃತ್ಯಶಾಲೆಯ ಹುಡುಗಿ, ಚೀನಾದ ಈಶಾನ್ಯ ಪ್ರಾಂತ್ಯ ಜಪಾನಿಯರ ಪಾಲಾದಾಗ ಊರು ಬಿಟ್ಟವಳು, ಗುಪ್ತವಾಗಿ ಹೋರಾಟಗಾರರಿಗೆ ನೆರವಾಗುವವಳು. ಆಕೆ ‘ಮತ್ತೆಂದು ಬರುವೆ ನೀನು’ ಎಂಬರ್ಥದ ಪ್ರಸಿದ್ಧ ಹಾಡನ್ನು ಹಾಡುವ ಭಾಗವನ್ನು ನಾನು ಎರಡು ಸಲ ಹಿಂದಕ್ಕೆ ಒಯ್ದು ನೋಡಿದೆ. ಗಿರಾಕಿಗೆ ಅದು ಪ್ರಣಯದ ಹಾಡು. ಊರು ಕಳೆದುಕೊಂಡವರಿಗೆ ಬೇರೆಯೇ ಹಾಡು. ಒಂದೇ ನಗೆಯಲ್ಲಿ ಇಬ್ಬರಿಗೂ ಉತ್ತರ ಕೊಡಬೇಕಾದ ಹೆಣ್ಣನ್ನು ಲೀ ಲಿಲಿ ಅತಿ ಮಾಡದೆ ತೋರಿಸುತ್ತಾಳೆ. ಬಂದೂಕು ಹಿಡಿದ ನಾಯಕಿಯರಿಗಿಂತ ಇಂಥವಳು ನನಗೆ ಹೆಚ್ಚು ನಿಜವೆನಿಸಿದಳು. ತಾಂಗ್ ಶಿಯಾವೊದಾನ್ 1941ರಲ್ಲಿ ಕ್ಯಾಂಟನೀಸಿನಲ್ಲಿ ಮಾಡಿದ ‘ಜನರ ಗರ್ಜನೆ’ ಸಂಕಟವನ್ನು ಹಾಂಗ್‌ಕಾಂಗ್‌ನ ಬೀದಿಗೇ ತರುವ ದಿಟ್ಟ ಚಿತ್ರ. ಆದರೆ ನಾಯಕಿಯನ್ನು ಹುಡುಕಿಕೊಂಡು ಬಂದವರಿಗೆ ಅದರಲ್ಲಿ ದೊರೆಯುವುದು ಕಡಿಮೆ.

ನಾಯಕಿಯ ಬಿಂಬ ಯಾರ ಕೈಗೆ ಹೋದರೂ ಕೆಲಸಕ್ಕೆ ಬರುತ್ತದೆ ಎಂಬುದಕ್ಕೆ ಹಾಂಗ್‌ಕಾಂಗ್‌ನ ಕ್ಯಾಂಟನೀಸ್ ತಾರೆ ಚಾನ್ ವಾನ್ ಸೆಂಗ್ ಸಾಕ್ಷಿ. ಮ್ಯಾಂಡರಿನ್ ಪ್ರೇಕ್ಷಕರು ಅವಳನ್ನು ಚೆನ್ ಯುನ್‌ಷಾಂಗ್ ಎಂದು ಬಲ್ಲರು. ಶಾಂಘೈಗೆ ಹೋಗಿ ಆಕೆ ನಟಿಸಿದ ಮುಲಾನ್ ಚಿತ್ರ 1939ರ ಫೆಬ್ರುವರಿಯಲ್ಲಿ ತೆರೆಕಂಡು 85 ದಿನ ಓಡಿತು. ಮರುವರ್ಷದ ಆರಂಭದಲ್ಲಿ, ಯುದ್ಧಕಾಲದ ರಾಜಧಾನಿ ಚಾಂಗ್‌ಚಿಂಗ್‌ನಲ್ಲಿ, ನಿರ್ಮಾಪಕರಿಗೆ ಜಪಾನಿಯರ ನಂಟಿದೆಯೆಂಬ ಅನುಮಾನದ ಮೇಲೆ ಜನ ಅದೇ ಚಿತ್ರದ ಪ್ರತಿಯನ್ನು ಬೀದಿಯಲ್ಲಿ ಸುಟ್ಟರು. 1943ರಲ್ಲಿ, ಜಪಾನಿಯರ ಹಿಡಿತದ ಶಾಂಘೈನಲ್ಲಿ, ಅದೇ ನಟಿ ಅಫೀಮು ಯುದ್ಧದ ಕುರಿತಾದ ಬ್ರಿಟಿಷ್ ವಿರೋಧಿ ಚಿತ್ರದಲ್ಲಿ ಕಾಣಿಸಿಕೊಂಡಳು. ಆರ್ಕೈವ್‌ನಂಥ ಕಡೆ ಕೂತು ಓದುವುದರ ಲಾಭ ಇದು: ವೀರನಾರಿಯ ಚಿತ್ರಪಟವನ್ನು ನೋಡಿ ಸುಮ್ಮನೆ ಕೈಮುಗಿದು ಬರಲು ಆಗುವುದಿಲ್ಲ.

ಉಳಿದ ಕೆಲವು ಚಿತ್ರಗಳಾದರೂ ಉಳಿದದ್ದು ಹೇಗೆ ಎಂಬುದು ಈ ಸಂಸ್ಥೆಯ ಬಗ್ಗೆ ಹೇಳಲೇಬೇಕಾದ ಸಂಗತಿ. ಅಮೆರಿಕದ ಚೈನಾಟೌನ್‌ಗಳಲ್ಲಿ ಇದ್ದವರು ಬಹುತೇಕ ಗುವಾಂಗ್‌ಡಾಂಗ್ ಕಡೆಯವರು, ಆದ್ದರಿಂದ ಕ್ಯಾಂಟನೀಸ್ ಚಿತ್ರಗಳ ಪ್ರತಿಗಳು ಹಡಗಿನಲ್ಲಿ ಅಲ್ಲಿಗೆ ಹೋಗುತ್ತಿದ್ದವು. ಸ್ಯಾನ್ ಫ್ರಾನ್ಸಿಸ್ಕೋದ ಪ್ಯಾಲೇಸ್ ಥಿಯೇಟರ್‌ಗೆ ಸೇರಿದ್ದ ಅಂಥ ಯುದ್ಧಪೂರ್ವ ಪ್ರತಿಗಳನ್ನು 2010ರ ದಶಕದಲ್ಲಿ ಆರ್ಕೈವ್ ಪಡೆದುಕೊಂಡು ಪ್ರದರ್ಶಿಸಿತು. ‘ಮಹಿಳೆಯ ಬೆಳಕು’ ಮರಳಿ ಬಂದದ್ದು ಆ ಹಾದಿಯಲ್ಲೇ. ನಮ್ಮ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ 1934ರ ಮಾರ್ಚ್ 3ರಂದು ಬೆಂಗಳೂರಿನಲ್ಲಿ ತೆರೆಕಂಡಿತು, ಅದರ ಒಂದು ಪ್ರತಿಯೂ ಇಂದು ಇಲ್ಲ. ಹೊರದೇಶದಲ್ಲಿ ಪ್ರತಿಯನ್ನು ತರಿಸಿ ತೋರಿಸುವಷ್ಟು ಕನ್ನಡಿಗರು ಆಗ ಎಲ್ಲೂ ಇರಲಿಲ್ಲ. ಕ್ಯಾಂಟನೀಸ್‌ಗೆ ಆ ಅದೃಷ್ಟವಿತ್ತು.

ಸೇವೆಯ ದೃಷ್ಟಿಯಿಂದ ನನ್ನ ಅಭಿಪ್ರಾಯ ಇಷ್ಟು. ಸಾಮಗ್ರಿಯನ್ನು ನೋಡಲು ಅಲ್ಲಿಗೇ ಹೋಗಬೇಕು, ಆದ್ದರಿಂದ ಎರಡು ದಿನದ ಪ್ರವಾಸದ ನಡುವೆ ತುರುಕಿಕೊಳ್ಳುವ ಜಾಗ ಇದಲ್ಲ. ಬೇಕಾದ ಹೆಸರುಗಳನ್ನು ಪಟ್ಟಿಯಲ್ಲಿ ಹುಡುಕಿ, ಮುಂಚಿತವಾಗಿ ವಿಚಾರಿಸಿಕೊಂಡು, ಕನಿಷ್ಠ ಒಂದು ಪೂರ್ತಿ ದಿನ ಇಟ್ಟುಕೊಂಡು ಹೋಗಬೇಕು. ಇಷ್ಟು ಹಳೆಯ ಚಿತ್ರಗಳನ್ನು ನೋಡುವಾಗ ಇಂಗ್ಲಿಷ್ ಅಡಿಬರಹವನ್ನು ನಂಬಿಕೊಂಡು ಹೋಗಬಾರದು. ಭಾಷೆ ಬಲ್ಲವರೊಬ್ಬರು ಜೊತೆಗಿದ್ದರೆ ಭೇಟಿಯ ಬೆಲೆ ಇಮ್ಮಡಿಯಾಗುತ್ತದೆ. ಸ್ವಲ್ಪವೇ ಕುತೂಹಲ ಇರುವವರು ಕೆಳಗಿನ ಪ್ರದರ್ಶನಾಲಯ ನೋಡಿ, ಚಿತ್ರಮಂದಿರದ ಆ ತಿಂಗಳ ಕಾರ್ಯಕ್ರಮದಲ್ಲಿ ಹಳೆಯ ಚಿತ್ರವಿದ್ದರೆ ಟಿಕೆಟ್ ಕೊಂಡು ಕೂತರೆ ಸಾಕು. ಯುದ್ಧಕಾಲದ ಚಿತ್ರಗಳ ಬಗ್ಗೆ ಬರೆಯುವ ಉದ್ದೇಶವಿದ್ದವರು ಮಾತ್ರ ಮೇಲಿನ ಅಂತಸ್ತಿಗೆ ಹೋಗದೆ ಬರೆಯಬಾರದು ಎಂದು ನಾನು ಖಂಡಿತವಾಗಿ ಹೇಳುತ್ತೇನೆ.

ಹೊರಡುವ ಹೊತ್ತಿಗೆ ಪೋ ಪೋ ವಾಯ್ ಕಿಮ್ ಫಾಂಗ್‌ಳ ಸ್ಥಿರಚಿತ್ರವನ್ನು ಇನ್ನೊಮ್ಮೆ ನೋಡಬೇಕೆಂದರು. ಬಹಳ ಹೊತ್ತು ನೋಡಿ, “ಇವಳು ವಿಮಾನ ಹಾರಿಸುವುದನ್ನು ನಮ್ಮಮ್ಮ ನೋಡಿರಬಹುದು, ಕೇಳಲೇ ಇಲ್ಲ,” ಎಂದರು. ಆಮೇಲೆ ಟ್ರಾಮಿನಲ್ಲಿ ಮನೆಗೆ ಮರಳುವಾಗ ದಾರಿಯುದ್ದಕ್ಕೂ ಅವರು ಆ ನೃತ್ಯಶಾಲೆಯ ಹಾಡನ್ನು ಗುನುಗುತ್ತಿದ್ದರು. ಮ್ಯಾಂಡರಿನ್ ಹಾಡು, ಆದರೆ ಉಚ್ಚಾರಣೆ ಕ್ಯಾಂಟನೀಸಿನದು.